ಕುಳಿತಲ್ಲೇ ದೇಶ ಸುತ್ತುವವರು

— ಅಂತಿಮ ಬಿ.ಎ. ವಿದ್ಯಾರ್ಥಿನಿ

ದೇಶ ಸುತ್ತು, ಕೋಶ ಓದು ಎಂಬುದು ನಮ್ಮಲ್ಲಿ ಹಿಂದಿನಿಂದ ನಡೆದುಬಂದಿರುವ ಮಾತು. ಮಾತೇನೋ ಸೊಗಸಾಗಿದೆ. ಆದರೆ ದೇಶ ಸುತ್ತಲು ಹಣ ಬೇಕು, ಕೋಶ ಓದಲು ಬಿಡುವು ಬೇಕು. ನಮ್ಮ ಕಾಲೇಜಿಗೆ ಬರುವ ಬಹುಮಂದಿಯ ಮನೆಗಳಲ್ಲಿ ಇವೆರಡಕ್ಕೂ ಬರವೇ. ನನ್ನ ಮನೆಯಲ್ಲಿ ಬಿ.ಎ. ತರಗತಿಯವರೆಗೆ ಬಂದವಳು ನಾನೇ ಮೊದಲು. ನನ್ನ ಹಿಂದಿನ ಎರಡು ತಲೆಮಾರಿನವರ ದೇಶಸಂಚಾರವೆಂದರೆ ಸಂತೆ, ಜಾತ್ರೆ, ಮದುವೆಯ ದಿಬ್ಬಣ ಮತ್ತು ತಾಲ್ಲೂಕು ಕಚೇರಿ, ಅಷ್ಟಕ್ಕೇ ಮುಗಿಯಿತು. ಈಗ ಗಾದೆ ಕಾಣದ ಮೂರನೆಯ ದಾರಿಯೊಂದು ತೆರೆದಿದೆ. ಅಂಗೈಯಗಲದ ಮೊಬೈಲಿನಲ್ಲಿ ಧ್ರುವಪ್ರದೇಶದಿಂದ ಆಫ್ರಿಕದ ಹಳ್ಳಿಯವರೆಗೆ ಎಲ್ಲವೂ ಬಂದು ನಿಲ್ಲುತ್ತದೆ. ಅದರಲ್ಲಿಯೂ ವಿನೋದದ, ವಿಚಿತ್ರದ ಪ್ರವಾಸದ ವಿಡಿಯೋಗಳೆಂದರೆ ನಮ್ಮ ವಿದ್ಯಾರ್ಥಿವೃಂದಕ್ಕೆ ಬಲು ಪ್ರೀತಿ. ಇದನ್ನು ಕಂಡ ಹಿರಿಯರು "ಕಾಲಹರಣ" ಎನ್ನುತ್ತಾರೆ. ಕಿರಿಯರು "ಬರೀ ತಮಾಷೆ" ಎನ್ನುತ್ತಾರೆ. ಈ ಎರಡು ಮಾತುಗಳನ್ನೂ ನಾನು ಒಪ್ಪಲಾರೆ. ಏಕೆಂಬುದನ್ನು ವಿವರಿಸುವುದೇ ಈ ಲೇಖನದ ಉದ್ದೇಶ.

ಮೊದಲು ಒಂದು ಮಾತನ್ನು ನೆನಪಿನಲ್ಲಿಡಬೇಕು. ಕುಳಿತಲ್ಲೇ ಊರು ನೋಡುವ ಚಪಲ ಇಂದು ನಿನ್ನೆಯದಲ್ಲ. 1896ನೆಯ ಇಸವಿ ಜುಲೈ 7ರಂದು ಮುಂಬಯಿಯ ವಾಟ್ಸನ್ ಹೋಟೆಲಿನಲ್ಲಿ ಲ್ಯೂಮಿಯೇರ್ ಸೋದರರ ಚಲಚ್ಚಿತ್ರಗಳನ್ನು ತೋರಿಸಿದಾಗ, ಅವುಗಳಲ್ಲಿ ರೈಲುಗಾಡಿಯೊಂದು ನಿಲ್ದಾಣಕ್ಕೆ ಬರುವ ಚಿತ್ರವೂ ಇತ್ತು. ಅಂದಿನ ಜನ ಹಣ ಕೊಟ್ಟು ಪರದೇಶದ ರೈಲು ಬರುವುದನ್ನು ನೋಡಿದರು. 1906ರಲ್ಲಿ ಅಮೆರಿಕದ ಸ್ಯಾನ್ ಫ್ರಾನ್ಸಿಸ್ಕೋ ನಗರದಲ್ಲಿ ಮೈಲ್ಸ್ ಸೋದರರು ಬೀದಿಯ ಕೇಬಲ್ ಗಾಡಿಯೊಂದರ ಮುಂಭಾಗದಲ್ಲಿ ಕ್ಯಾಮೆರಾ ಇಟ್ಟು, ಮಾರ್ಕೆಟ್ ಸ್ಟ್ರೀಟಿನ ಉದ್ದಕ್ಕೂ ಚಿತ್ರ ತೆಗೆದರು. ಅದರಲ್ಲಿ ಹುಡುಗರು ಕ್ಯಾಮೆರಾದ ಮುಂದೆ ಓಡಿಬಂದು ಹಲ್ಲು ಕಿರಿಯುತ್ತಾರೆ. ಮೋಟಾರು ಗಾಡಿಗಳು ಸುತ್ತು ಹಾಕಿಕೊಂಡು ಮತ್ತೆ ಮತ್ತೆ ಅದೇ ಚೌಕಟ್ಟಿನೊಳಗೆ ಹಾದುಹೋಗುತ್ತವೆ. ನೋಡಿದರೆ ನಗು ಬರುತ್ತದೆ. ಇದಾದ ಕೆಲವೇ ದಿನಗಳಲ್ಲಿ, ಏಪ್ರಿಲ್ 18ರಂದು, ಭೂಕಂಪವೂ ಬೆಂಕಿಯೂ ಆ ನಗರದ ಬಹುಭಾಗವನ್ನು ನಾಶಮಾಡಿದುವು. ತಮಾಷೆಯೆಂದು ತೆಗೆದ ಚಿತ್ರವೇ ಕಳೆದುಹೋದ ಒಂದು ಊರಿನ ದಾಖಲೆಯಾಗಿ ಉಳಿಯಿತು. "ಬರೀ ತಮಾಷೆ" ಎಂದು ಯಾವ ಪ್ರವಾಸಚಿತ್ರವನ್ನೂ ತಳ್ಳಿಹಾಕಬಾರದೆಂಬುದಕ್ಕೆ ಇದೊಂದೇ ನಿದರ್ಶನ ಸಾಕು.

ಇನ್ನು ನಮ್ಮ ಕಾಲಕ್ಕೆ ಬರೋಣ. ಯೂಟ್ಯೂಬಿನಲ್ಲಿ ಮೊಟ್ಟಮೊದಲು ಸೇರಿದ ವಿಡಿಯೋ 2005ರ ಏಪ್ರಿಲ್ 23ರದು. ಇಪ್ಪತ್ತು ಸೆಕೆಂಡೂ ಇಲ್ಲದ ಆ ಚಿತ್ರದಲ್ಲಿ, ಅದರ ಸ್ಥಾಪಕರಲ್ಲೊಬ್ಬರಾದ ಜಾವೇದ್ ಕರೀಮ್ ಮೃಗಾಲಯದಲ್ಲಿ ಆನೆಗಳ ಮುಂದೆ ನಿಂತು, ಅವುಗಳ ಸೊಂಡಿಲು ಬಹಳ ಉದ್ದವೆಂದು ಹೇಳುತ್ತಾರೆ, ಮತ್ತೇನೂ ಇಲ್ಲ. ಆನೆ ನೋಡಲು ಹೋದವನು ಮನೆಗೆ ಬಂದು ಹೇಳುವ ಮಾತೇ ಅದು.

ಇದೇ ಕಾಲದಲ್ಲಿ ಮ್ಯಾಟ್ ಹಾರ್ಡಿಂಗ್ ಎಂಬ ಅಮೆರಿಕದ ತರುಣನೊಬ್ಬ ಹೆಸರಾದನು. ಗಣಕಯಂತ್ರದ ಆಟಗಳನ್ನು ರೂಪಿಸುವ ಕೆಲಸವನ್ನು ಬಿಟ್ಟು ದೇಶ ಸುತ್ತಲು ಹೊರಟ ಆತನಿಗೆ ವಿಯೆಟ್ನಾಮಿನ ಹನೋಯ್ ನಗರದಲ್ಲಿ ಜೊತೆಯವನೊಬ್ಬ, "ನೀನು ಕುಣಿಯುತ್ತೀಯಲ್ಲ, ಆ ಕುಣಿತವನ್ನು ಇಲ್ಲಿ ಕುಣಿ, ಚಿತ್ರ ತೆಗೆಯುತ್ತೇನೆ" ಎಂದನಂತೆ. ಆ ಕುಣಿತಕ್ಕೆ ತಾಳವೂ ಇಲ್ಲ, ಲಯವೂ ಇಲ್ಲ. ನಿಂತಲ್ಲೇ ಓಡುವವನಂತೆ ಕೈಕಾಲು ಬಡಿಯುವುದು, ಅಷ್ಟೇ. ಇದನ್ನೇ ಆತ ಊರೂರಿನಲ್ಲಿ ಕುಣಿದನು. 2008ರ ವಿಡಿಯೋ ಹದಿನಾಲ್ಕು ತಿಂಗಳ ಅವಧಿಯಲ್ಲಿ 42 ದೇಶಗಳಲ್ಲಿ ತೆಗೆದದ್ದು. ನೋಡಿ ಮುಗಿಸಲು ಐದು ನಿಮಿಷವೂ ಬೇಡ. ಎರಡು ಕೊರಿಯಾಗಳ ನಡುವಣ ಗಡಿಯಲ್ಲಿ ಕಲ್ಲಿನಂತೆ ನಿಂತ ಕಾವಲುಗಾರನ ಪಕ್ಕದಲ್ಲಿ ಈತ ಕುಣಿಯುವಾಗ ನಗದವರು ಯಾರು? ಆದರೆ ಚಿತ್ರ ಮುಂದುವರಿದಂತೆ ಅವನೊಬ್ಬನೇ ಇರುವುದಿಲ್ಲ. ಸುತ್ತಲಿನ ಜನ ಓಡಿಬಂದು ಸೇರುತ್ತಾರೆ. ಮಕ್ಕಳು, ಮುದುಕರು, ಪಪುವಾ ನ್ಯೂಗಿನಿಯ ಹೂಲಿ ಜನ ಎಲ್ಲರೂ ಕುಣಿಯುತ್ತಾರೆ. ನಮ್ಮ ದೇಶದ ಗುರುಗ್ರಾಮದಲ್ಲಿ ಮಾತ್ರ ಅವನೇ ಅಲ್ಲಿಯ ನರ್ತಕಿಯರ ಹೆಜ್ಜೆಗೆ ಹೆಜ್ಜೆ ಹಾಕುತ್ತಾನೆ. ಹಿನ್ನೆಲೆಯಲ್ಲಿ ಕೇಳುವುದು ರವೀಂದ್ರನಾಥ ಠಾಕೂರರ ಗೀತಾಂಜಲಿಯ ಪದ್ಯವೊಂದನ್ನು ಆಧರಿಸಿದ ಹಾಡು. ಗ್ಯಾರಿ ಶೈಮನ್ ಸಂಯೋಜಿಸಿದ ಅದನ್ನು ಬಂಗಾಳಿಯಲ್ಲಿ ಹಾಡಿದವಳು ಬಾಂಗ್ಲಾ ಮೂಲದ ಪಾಲ್‌ಬಾಶಾ ಸಿದ್ದಿಕಿ ಎಂಬ ಹುಡುಗಿ.

ಈ ಐದು ನಿಮಿಷದ ಚಿತ್ರ ಏಕೆ ಮನಸ್ಸಿಗೆ ಹಿಡಿಸುತ್ತದೆಂದು ನಾನು ಯೋಚಿಸಿದ್ದೇನೆ. ಅದರಲ್ಲಿ ನಗೆಗೀಡಾಗುವವನು ಪ್ರವಾಸಿಯೇ. ಬಂದ ಊರಿನ ಮುಂದೆ ಆತ ತಾನೇ ಕೋಡಂಗಿಯಾಗಿ ನಿಲ್ಲುತ್ತಾನೆ. ಆದುದರಿಂದಲೇ ಊರಿನವರು ಅಂಜದೆ ಹತ್ತಿರ ಬರುತ್ತಾರೆ. ವಿನೋದದ ಪ್ರವಾಸಚಿತ್ರವನ್ನು ಅಳೆಯುವ ಕೋಲು ಇದೇ ಎಂದು ನನ್ನ ಅಭಿಪ್ರಾಯ: ಇಲ್ಲಿ ನಗು ಯಾರ ಮೇಲೆ?

ವಿನೋದಕ್ಕಿಂತ ವಿಚಿತ್ರವೇ ಮುಖ್ಯವಾದ ಚಿತ್ರಗಳೂ ಇವೆ. ನಾರ್ವೆ ದೇಶದ ಸಾರ್ವಜನಿಕ ದೂರದರ್ಶನವಾದ ಎನ್‌ಆರ್‌ಕೆ 2009ರ ನವೆಂಬರಿನಲ್ಲಿ ಬೆರ್ಗೆನ್ ನಗರದಿಂದ ಓಸ್ಲೋವರೆಗಿನ ರೈಲುಪ್ರಯಾಣವನ್ನು ಮೊದಲಿನಿಂದ ಕೊನೆಯವರೆಗೆ, ಏಳು ಗಂಟೆಗೂ ಹೆಚ್ಚು ಕಾಲ, ಹಾಗೆಹಾಗೆಯೇ ಪ್ರಸಾರ ಮಾಡಿತು. ಕಥೆಯಿಲ್ಲ, ನಾಯಕನಿಲ್ಲ, ಹಳಿ, ಹಿಮ, ಸುರಂಗ, ಮತ್ತೆ ಹಳಿ. ಸುರಂಗದ ಕತ್ತಲಲ್ಲಿ ಬೇಸರವಾಗದಿರಲೆಂದು ಹಳೆಯ ಚಿತ್ರಗಳನ್ನು ತೋರಿಸುತ್ತಾರೆ. ಇಂತಹುದನ್ನು ಯಾರು ನೋಡುತ್ತಾರೆಂದು ಕೇಳಬಹುದು. ಐವತ್ತು ಲಕ್ಷಕ್ಕೂ ತುಸು ಕಡಿಮೆ ಜನರಿದ್ದ ಆ ದೇಶದಲ್ಲಿ ಸುಮಾರು ಹನ್ನೆರಡು ಲಕ್ಷ ಮಂದಿ ಅದರ ಒಂದಿಷ್ಟು ಭಾಗವನ್ನಾದರೂ ನೋಡಿದರು! 2011ರಲ್ಲಿ ಕರಾವಳಿಯ ಹಡಗಿನ ಪ್ರಯಾಣವನ್ನು 134 ಗಂಟೆ ಎಡೆಬಿಡದೆ ತೋರಿಸಿದಾಗ, ದಡದ ಊರುಗಳ ಜನ ಬಾವುಟ ಹಿಡಿದು ಬಂದು ಹಡಗಿಗೆ ಕೈಬೀಸಿದರು.

ರಜೆಯಲ್ಲಿ ನಾನು ಈ ರೈಲಿನ ಚಿತ್ರವನ್ನು ಮನೆಯಲ್ಲಿ ನೋಡುತ್ತಿದ್ದಾಗ, ಅಕ್ಕಿ ಆರಿಸುತ್ತಿದ್ದ ನನ್ನ ತಾಯಿಯೂ ಬಂದು ಕುಳಿತರು. ಬೆಟ್ಟದ ಮೇಲಿನ ಹಿಮವನ್ನು ಬಹಳ ಹೊತ್ತು ನೋಡಿ, "ಇಷ್ಟು ಹಿಮ ಬಿದ್ರೆ ದನಕ್ಕೆ ಮೇವು ಎಲ್ಲಿಂದ ತರ್ತಾರೆ?" ಎಂದು ಕೇಳಿದರು. ನನಗೆ ಉತ್ತರ ತಿಳಿದಿರಲಿಲ್ಲ. ಹುಡುಕಿ ಓದಿದೆ. ಆ ದೇಶದಲ್ಲಿ ಬೇಸಿಗೆಯಲ್ಲಿ ಹುಲ್ಲು ಕೊಯ್ದು ಒಣಗಿಸಿ ಚಳಿಗಾಲಕ್ಕೆ ಕೂಡಿಡುತ್ತಿದ್ದರು. ಬೇಸಿಗೆಯ ತಿಂಗಳುಗಳಲ್ಲಿ ದನಗಳನ್ನು ಬೆಟ್ಟದ ಮೇಲಿನ 'ಸೇಟರ್' ಎಂಬ ಮೇವಿನ ನೆಲೆಗಳಿಗೆ ಅಟ್ಟಿಕೊಂಡು ಹೋಗುತ್ತಿದ್ದರು. ಊರ ಬಳಿಯ ಹುಲ್ಲನ್ನು ಹೀಗೆ ಉಳಿಸುತ್ತಿದ್ದರು. ಇದನ್ನು ಹೇಳಿದಾಗ ನನ್ನ ತಾಯಿ, "ಅಂದ್ರೆ ಅವರೂ ಬಣವೆ ಒಟ್ಟೋರೇ" ಎಂದರು. ಭೂಗೋಳದ ಪುಸ್ತಕದಲ್ಲಿ ನಾನು ನಾರ್ವೆಯ ರಾಜಧಾನಿಯನ್ನು ಬಾಯಿಪಾಠ ಮಾಡಿದ್ದೆ. ಅಲ್ಲಿಯೂ ಮನುಷ್ಯರು ಮೇವಿನ ಚಿಂತೆಯಲ್ಲಿ ಬದುಕಿದ್ದರೆಂಬುದು ಆ ದಿನ ತಿಳಿಯಿತು. ಅಕ್ಷರ ಬಾರದವರಿಗೂ ಪ್ರಶ್ನೆ ಕೇಳುವ ಅವಕಾಶ ಕೊಡುವ ವಸ್ತುವನ್ನು ಕಾಲಹರಣವೆನ್ನುವುದು ಹೇಗೆ?

ಭಾಷೆಯ ಮಾತೂ ಇಲ್ಲಿ ಬರುತ್ತದೆ. ವಿನೋದದ ಪ್ರವಾಸಕಥನಕ್ಕೆ ಕನ್ನಡದಲ್ಲಿ ಕೊರತೆಯಿಲ್ಲ. 1980ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯ ಬಹುಮಾನ ಪಡೆದ 'ಅಮೆರಿಕದಲ್ಲಿ ಗೊರೂರು' ಎಂಬ ಪುಸ್ತಕದ ಹೆಸರಿನಲ್ಲೇ ಒಂದು ಊರು ಇನ್ನೊಂದು ದೇಶಕ್ಕೆ ಹೋದ ತಮಾಷೆಯಿದೆ. ಆದರೆ ಪುಸ್ತಕ ಓದಲು ಅಕ್ಷರ ಬೇಕು. ವಿದೇಶದ ವಿಡಿಯೋ ಅರ್ಥವಾಗಲು ಇಂಗ್ಲಿಷು ಬೇಕು. ಈ ಎರಡೂ ಇಲ್ಲದವರ ಪಾಲಿಗೆ ಡಾ. ಬ್ರೋ ಎಂದು ಹೆಸರಾದ ಗಗನ್ ಶ್ರೀನಿವಾಸ್ ಅವರಂತಹವರು ಮಾಡಿರುವ ಉಪಕಾರ ಸಣ್ಣದಲ್ಲ. "ನಮಸ್ಕಾರ ದೇವ್ರು" ಎಂದು ಪ್ರಾರಂಭಿಸಿ, ಆಫ್ಘಾನಿಸ್ತಾನದ ಪೇಟೆಯನ್ನೂ ಆಫ್ರಿಕದ ಊರನ್ನೂ ನಮ್ಮ ಪಕ್ಕದ ಮನೆಯ ಹುಡುಗ ಬಂದು ವರದಿ ಹೇಳುವಂತೆ ಕನ್ನಡದಲ್ಲಿ ಹೇಳುತ್ತಾರೆ. ಅದನ್ನು ನೋಡಲು ನಮ್ಮ ಹಳ್ಳಿಯ ಜಗಲಿಯಲ್ಲಿ ನಾಲ್ಕು ಜನ ಒಂದೇ ಮೊಬೈಲಿಗೆ ತಲೆಕೊಡುವುದನ್ನು ನಾನು ಕಂಡಿದ್ದೇನೆ.

ಹಾಗೆಂದು ಎಲ್ಲವೂ ಹಾಲುಜೇನೆಂದು ನಾನು ಹೇಳುವುದಿಲ್ಲ. 2017ರ ಡಿಸೆಂಬರ್ 31ರಂದು ಅಮೆರಿಕದ ಲೋಗನ್ ಪಾಲ್ ಎಂಬಾತನು ಜಪಾನಿನ ಫುಜಿ ಪರ್ವತದ ಬುಡದ ಅವೊಕಿಗಹಾರ ಕಾಡಿನಲ್ಲಿ ತೆಗೆದ ಪ್ರವಾಸದ ವಿಡಿಯೋ ಒಂದನ್ನು ಹೊರಬಿಟ್ಟನು. ಅಲ್ಲಿ ಪ್ರಾಣ ಕಳೆದುಕೊಂಡಿದ್ದ ಒಬ್ಬರ ದೇಹ ಕಣ್ಣಿಗೆ ಬಿದ್ದಾಗಲೂ ಆತನ ಕ್ಯಾಮೆರಾ ಮುಚ್ಚಲಿಲ್ಲ. ಲೋಕವೆಲ್ಲ ಛೀ ಎಂದ ಮೇಲೆ ಅದನ್ನು ತೆಗೆದುಹಾಕಿ ಕ್ಷಮೆ ಕೇಳಿದನು. ಅದೇ ಫುಜಿಯ ಬಳಿಯ ಫುಜಿಕವಾಗುಚಿಕೊ ಎಂಬ ಊರಿನಲ್ಲಿ, ಅಂಗಡಿಯೊಂದರ ಮೇಲೆ ಪರ್ವತವು ಕುಳಿತಂತೆ ಕಾಣುವ ಸ್ಥಳಕ್ಕೆ ಚಿತ್ರ ತೆಗೆಯುವವರು ಮುತ್ತಿಗೆ ಹಾಕಿದರು. ರಸ್ತೆಗೆ ಅಡ್ಡ ಬಂದರು, ಕಸ ಬಿಸಾಡಿದರು. ಬೇಸತ್ತ ಊರಿನವರು 2024ರ ಮೇ ತಿಂಗಳಲ್ಲಿ 20 ಮೀಟರ್ ಉದ್ದ, ಎರಡೂವರೆ ಮೀಟರ್ ಎತ್ತರದ ಕಪ್ಪು ಪರದೆಯೊಂದನ್ನು ಕಟ್ಟಿ ನೋಟವನ್ನೇ ಮರೆಮಾಡಿದರು. ಆಗಸ್ಟಿನಲ್ಲಿ ಅದನ್ನು ತೆಗೆದರೆಂಬುದು ನಿಜ. ಆದರೂ ಅತಿಥಿಯ ಕಾಟಕ್ಕೆ ಬೆಟ್ಟಕ್ಕೇ ಪರದೆ ಹಾಕಬೇಕಾಯಿತೆಂದರೆ, ನೋಡುವವರು ನಾಚಬೇಕಾದ ಮಾತಲ್ಲವೆ?

ಜಪಾನು ದೂರವಾಯಿತೆನ್ನುವವರು ನಮ್ಮ ಬಸ್ ನಿಲ್ದಾಣಕ್ಕೆ ಬರಲಿ. 2023ರ ಜೂನ್ 11ರಂದು ನಮ್ಮ ರಾಜ್ಯದಲ್ಲಿ ಶಕ್ತಿ ಯೋಜನೆ ಪ್ರಾರಂಭವಾಗಿ, ಸರ್ಕಾರದ ಸಾಮಾನ್ಯ ಬಸ್ಸುಗಳಲ್ಲಿ ಹೆಂಗಸರು ರಾಜ್ಯದೊಳಗೆ ಹಣ ಕೊಡದೆ ಸಂಚರಿಸುವಂತಾಯಿತು. ಆ ಯೋಜನೆಯ ಗುಣದೋಷಗಳ ಚರ್ಚೆ ಇಲ್ಲಿ ಬೇಡ. ಆ ವಾರಗಳಲ್ಲಿ ಎಲ್ಲರ ಮೊಬೈಲಿನಲ್ಲೂ ಹರಿದಾಡಿದ "ತಮಾಷೆಯ" ವಿಡಿಯೋಗಳನ್ನು ಮಾತ್ರ ನೆನಪಿಸಿಕೊಳ್ಳಿ. ಬಾಗಿಲಿನಲ್ಲಿ ನೂಕುನುಗ್ಗಲು, ಸೀಟಿಗಾಗಿ ಜಗಳ, ಧರ್ಮಸ್ಥಳದ ಬಸ್ಸಿಗೆ ಓಡುವ ಹೆಂಗಸರು. ಮೇಲೆ ಯಾರೋ ಸೇರಿಸಿದ ನಗೆಯ ಸಂಗೀತ. ಅದೇ ತಿಂಗಳಲ್ಲಿ ಇನ್ನೊಂದು ವಿಡಿಯೋವೂ ಬಂತು. ವಯಸ್ಸಾದ ಅಜ್ಜಿಯೊಬ್ಬರು ಬಸ್ಸಿನ ಮೆಟ್ಟಿಲಿಗೆ ಹಣೆ ಹಚ್ಚಿ ನಮಸ್ಕರಿಸಿ, ಆಮೇಲೆ ಒಳಗೆ ಹತ್ತಿದರು. ಬಸ್ಸೂ ಅಂತಹುದೇ, ಬಾಗಿಲೂ ಅಂತಹುದೇ. ಕ್ಯಾಮೆರಾ ಹಿಡಿದವನು ಎಲ್ಲಿ ನಿಂತಿದ್ದನೆಂಬುದೊಂದೇ ವ್ಯತ್ಯಾಸ.

ನೂಕುನುಗ್ಗಲಿನ ಆ ಹೆಂಗಸರಲ್ಲಿ ನನ್ನ ತಾಯಿಯಂತಹವರಿದ್ದರು. ನನ್ನ ತಾಯಿ ಆ ಮಳೆಗಾಲದಲ್ಲಿ ಓಣಿಯ ನಾಲ್ವರೊಡನೆ ಧರ್ಮಸ್ಥಳಕ್ಕೆ ಹೋಗಿಬಂದರು. ಹುಟ್ಟಿದ ಜಿಲ್ಲೆಯನ್ನು ದಾಟಿದ್ದು ಅದೇ ಮೊದಲು. ಏನು ನೋಡಿದಿರೆಂದು ಕೇಳಿದಾಗ ದೇವಸ್ಥಾನದ ಮಾತಿಗಿಂತ ಮೊದಲು, "ಘಾಟಿಯಲ್ಲಿ ಮೋಡ ಬಸ್ಸಿಗಿಂತ ಕೆಳಗಿತ್ತು ಕಣೇ" ಎಂದರು. ಅದನ್ನು ಹೇಳುವಾಗ ಅವರ ಮುಖದಲ್ಲಿದ್ದ ಬೆರಗನ್ನು ಯಾವ ವಿಡಿಯೋದಲ್ಲಿಯೂ ನಾನು ಕಾಣೆ. ಸೀಟಿಗಾಗಿ ಆದ ಜಗಳವನ್ನು ನಾಡೆಲ್ಲ ನೋಡಿ ನಕ್ಕಿತು. ಸೀಟು ಸಿಕ್ಕಿದ ಮೇಲೆ ಕಿಟಕಿಯಾಚೆ ಅವರು ಏನು ಕಂಡರೆಂದು ಕೇಳಿದವರಿಲ್ಲ.

"ನಗುವುದಕ್ಕೂ ಇಷ್ಟೊಂದು ಕಟ್ಟಳೆಯೇ?" ಎಂದು ನನ್ನ ಸಹಪಾಠಿಗಳು ಆಕ್ಷೇಪಿಸಬಹುದು. ನಗುವಿಗೆ ನನ್ನ ವಿರೋಧವಿಲ್ಲ. ತಾನು ದಾರಿ ತಪ್ಪಿದ್ದನ್ನು, ಭಾಷೆ ಬಾರದೆ ಚಹದ ಬದಲು ಸಾರು ತರಿಸಿಕೊಂಡದ್ದನ್ನು ಪ್ರವಾಸಿ ಹೇಳಿದರೆ ಹೊಟ್ಟೆ ಹುಣ್ಣಾಗುವಂತೆ ನಗೋಣ. ಎದುರಿನವನ ಬಡತನ, ಉಡುಗೆ, ಗಾಬರಿಗಳೇ ನಗೆಯ ಸರಕಾದಾಗ ಮಾತ್ರ ಒಂದು ಕ್ಷಣ ತಡೆದು, ಆ ಜಾಗದಲ್ಲಿ ನಮ್ಮ ಮನೆಯವರನ್ನು ನಿಲ್ಲಿಸಿ ನೋಡೋಣ. "ವಿಡಿಯೋ ನೋಡುವುದು ಪ್ರವಾಸವಾಗದು" ಎಂದು ಹಿರಿಯರು ಹೇಳಿದರೆ ಅದು ಒಪ್ಪತಕ್ಕ ಮಾತೇ. ಹಿಮದ ಚಳಿ ಮೊಬೈಲಿನಿಂದ ಮೈಗೆ ತಾಕುವುದಿಲ್ಲ. ಆದರೆ ಹೋಗಲು ಶಕ್ತಿಯಿಲ್ಲದವರು ಕಿಟಕಿಯನ್ನೂ ಮುಚ್ಚಿಕೊಳ್ಳಬೇಕೆಂದರೆ ನ್ಯಾಯವಲ್ಲ. ಜೊತೆಗೆ ಒಂದು ಅಟ್ಲಾಸು, ಒಂದು ಪುಸ್ತಕ, ತಿಳಿದ ಗುರುಗಳ ನಾಲ್ಕು ಮಾತು ಇದ್ದರೆ ಆ ಕಿಟಕಿಯಿಂದ ಬರುವ ಬೆಳಕು ಇಮ್ಮಡಿಯಾಗುತ್ತದೆ.

ಆದುದರಿಂದ ನನ್ನದೊಂದು ಸೂಚನೆಯಿದೆ. ತಿಂಗಳಿಗೊಮ್ಮೆ ನಮ್ಮ ಸಭಾಂಗಣದಲ್ಲಿ ಇಂತಹ ಚಿತ್ರವೊಂದನ್ನು ಎಲ್ಲರೂ ಕೂಡಿ ನೋಡೋಣ. ಭೂಗೋಳ ಮತ್ತು ಇತಿಹಾಸದ ಅಧ್ಯಾಪಕರು ಅನಂತರ ಅರ್ಧ ಗಂಟೆ ಮಾತನಾಡಲಿ, ನಾವು ಪ್ರಶ್ನೆ ಕೇಳೋಣ. ವರ್ಷಕ್ಕೊಮ್ಮೆ ನಮ್ಮ ತಾಲ್ಲೂಕಿನ ಸಂತೆಯನ್ನೋ, ಕೆರೆಯನ್ನೋ, ಬೆಳಗಿನ ಮೊದಲ ಬಸ್ಸನ್ನೋ ಕುರಿತು ನಾವೇ ಒಂದು ವಿಡಿಯೋ ಮಾಡೋಣ. ಅದನ್ನು ಕಾಲೇಜಿನಲ್ಲಿ ತೋರಿಸುವ ಮುನ್ನ, ಅದರಲ್ಲಿ ಕಾಣಿಸಿಕೊಂಡ ತರಕಾರಿಯಮ್ಮನಿಗೂ ಕಂಡಕ್ಟರಿಗೂ ತೋರಿಸೋಣ. ಅವರು ನೋಡಿ ನಕ್ಕರೆ ನಮ್ಮ ಚಿತ್ರ ಗೆದ್ದಿತು. ಅವರು ತಲೆ ತಗ್ಗಿಸಿದರೆ ಅದನ್ನು ಅಲ್ಲಿಯೇ ಅಳಿಸಿಬಿಡೋಣ.