ನೆಂಟರು ಬಾರದಿದ್ದರೆ ನಿದ್ದೆ ಕೆಡಿಸಿಕೊಳ್ಳಬೇಡಿ

ನೀವು ಹಂಸಭಾವಿಯವರು, ಮಗಳ ಲಗ್ನವನ್ನು ಗೋಕರ್ಣದಲ್ಲಿ ಇಟ್ಟುಕೊಂಡಿದ್ದೀರಿ ಎನ್ನಿ. ಬಸ್ಸು, ಕೋಣೆ, ಊಟ ಎಲ್ಲವೂ ಗೊತ್ತಾಗಿದೆ. ಎರಡು ದಿನ ಇರುವಾಗ ನಲವತ್ತು ಮಂದಿ ‘ಬರಲಾಗುವುದಿಲ್ಲ’ ಎನ್ನುತ್ತಾರೆ. ಎದೆ ಡವಗುಟ್ಟುತ್ತದೆ, ಊಟ ಸೇರದು, ನಿದ್ದೆ ಹತ್ತದು. ಈ ಗಡಿಬಿಡಿಯಲ್ಲಿ ರಕ್ತದೊತ್ತಡದ ಗುಳಿಗೆಯೂ ಮರೆತುಹೋಗುತ್ತದೆ. ಅಪಾಯವಿರುವುದು ಇಲ್ಲಿ, ಖಾಲಿ ಕುರ್ಚಿಗಳಲ್ಲಿ ಅಲ್ಲ.

ಬಾರದವರನ್ನು ಜರಿಯಬೇಡಿ. ಬಿತ್ತನೆ, ಪರೀಕ್ಷೆ, ದಾರಿಖರ್ಚು, ಹೀಗೆ ಕಾರಣ ಹಲವು. ಜ್ವರ, ಕೆಮ್ಮು ಇದ್ದು ಮನೆಯಲ್ಲೇ ಉಳಿದವರಂತೂ ನಿಮಗೆ ಉಪಕಾರವನ್ನೇ ಮಾಡಿದ್ದಾರೆ.

ಮೊದಲು ಅಡುಗೆಯವರಿಗೆ ತಿಳಿಸಿ ಅಳತೆ ಇಳಿಸಿ. ಆದರೂ ಅನ್ನ ಮಿಕ್ಕರೆ ಎರಡು ತಾಸಿನೊಳಗೆ ಹಂಚಿಬಿಡಿ. ಹೊರಗಿಟ್ಟ ಅನ್ನದಲ್ಲಿ ಕೆಲವು ಸೂಕ್ಷ್ಮಜೀವಿಗಳು ಉಂಟುಮಾಡುವ ವಿಷ ಮತ್ತೆ ಬಿಸಿ ಮಾಡಿದರೂ ಹೋಗದು. ಮರುದಿನ ವಾಂತಿಗೆ ಅದೇ ಕಾರಣವಾದೀತು. ಫೋನಿನ ಕೆಲಸ ತಮ್ಮನಿಗೆ ವಹಿಸಿ. ಗುಳಿಗೆ ತೆಗೆದುಕೊಂಡು, ಹೊತ್ತಿಗೆ ಉಂಡು ಮಲಗಿ. ಎದೆನೋವು ಬಂದರೆ ಮಾತ್ರ ‘ಲಗ್ನ ಮುಗಿಯಲಿ’ ಎನ್ನದೆ ಆಸ್ಪತ್ರೆಗೆ ಹೋಗಿ.

2020ರಲ್ಲಿ ಕೊರೊನಾ ನಿರ್ಬಂಧವಿದ್ದಾಗ ಮನೆಮಂದಿಯಷ್ಟೇ ನಿಂತು ಅಕ್ಕಿಕಾಳು ಹಾಕಿದ ಲಗ್ನಗಳೂ ಲಗ್ನಗಳೇ ಆದವು. ಮಗಳಿಗೆ ಆ ದಿನ ಬೇಕಾದದ್ದು ತುಂಬಿದ ಪಂಕ್ತಿಯಲ್ಲ, ಆರೋಗ್ಯದಿಂದ ನಿಂತ ತಂದೆತಾಯಿ.