ತಂಬುವಿನ ಸಿನೆಮಾ ಉಳಿಯಬಾರದೇ?

ಮಕ್ಕಳೇ, ಕನ್ನಡದಲ್ಲಿ ಮೊದಲು ತೆರೆಕಂಡ ಮಾತಿನ ಚಿತ್ರ ‘ಸತಿ ಸುಲೋಚನಾ’. ಅದು 1934ರಲ್ಲಿ ಬಿಡುಗಡೆಯಾಯಿತು. ಅದರ ಚಿತ್ರೀಕರಣ ಎಲ್ಲಿ ನಡೆಯಿತು ಗೊತ್ತೇ? ಬೆಂಗಳೂರಿನಲ್ಲಲ್ಲ, ನಮ್ಮ ಕೊಲ್ಹಾಪುರದಲ್ಲಿ! ಹಲಕರ್ಣಿ, ಗಡಹಿಂಗ್ಲಜ ಕಡೆಯ ನಾವು ಇದನ್ನು ಹೆಮ್ಮೆಯಿಂದ ಹೇಳಿಕೊಳ್ಳಬಹುದು.

ಪಟ್ಟಣದಲ್ಲಿ ಚಿತ್ರಮಂದಿರಗಳಿದ್ದವು. ಹಳ್ಳಿಯವರು ಏನು ಮಾಡಬೇಕು? ಅವರ ಬಳಿಗೆ ಚಿತ್ರಮಂದಿರವೇ ಬರುತ್ತಿತ್ತು. ಅದೇ ಟೂರಿಂಗ್ ಟಾಕೀಸ್. ಲಾರಿಯಲ್ಲಿ ತಂಬು, ಬಿಳಿಯ ಪರದೆ, ಪ್ರೊಜೆಕ್ಟರ್, ಜನರೇಟರ್ ಎಲ್ಲವನ್ನೂ ಹೇರಿಕೊಂಡು ಊರೂರ ಜಾತ್ರೆಗೆ ಹೋಗುತ್ತಿದ್ದರು. ಸಂಜೆ ಬಯಲಿನಲ್ಲಿ ತಂಬು ಏಳುತ್ತಿತ್ತು. ಜನರು ನೆಲದ ಮೇಲೆ ಕುಳಿತು ಸಿನೆಮಾ ನೋಡುತ್ತಿದ್ದರು.

ಫಿಲ್ಮ್ ಎಂಬುದು ಸಾಲಾಗಿ ಚಿತ್ರಗಳಿರುವ ಉದ್ದನೆಯ ಪಟ್ಟಿ. ಒಂದು ಸೆಕೆಂಡಿಗೆ 24 ಚಿತ್ರಗಳು ದೀಪದ ಮುಂದೆ ಸರಿದಾಗ ನಮ್ಮ ಕಣ್ಣಿಗೆ ಅವು ಓಡಾಡಿದಂತೆ ಕಾಣುತ್ತವೆ. ದೊಡ್ಡ ಸುರುಳಿಯೊಂದು ಸುಮಾರು 20 ನಿಮಿಷ ಓಡುತ್ತದೆ. ಒಂದೇ ಯಂತ್ರವಿದ್ದರೆ ಸುರುಳಿ ಬದಲಿಸುವಾಗ ಆಟ ನಿಲ್ಲುತ್ತಿತ್ತು. ಆಗ ಸಿಳ್ಳೆಯೋ ಸಿಳ್ಳೆ!

ಟಿ.ವಿ. ಬಂದ ಮೇಲೆ ತಂಬುವಿನ ಗಿರಾಕಿಗಳು ಕಡಿಮೆಯಾದರು. ಆಮೇಲೆ ಮೊಬೈಲ್ ಬಂದಿತು. ಆದರೆ ದೊಡ್ಡ ಪೆಟ್ಟು ಬಿದ್ದದ್ದು 2010ರ ನಂತರದ ವರ್ಷಗಳಲ್ಲಿ. ಸಿನೆಮಾ ಫಿಲ್ಮಿನ ಬದಲು ಕಂಪ್ಯೂಟರ್ ಫೈಲಿನಲ್ಲಿ ಬರತೊಡಗಿತು. ಹಳೆಯ ಪ್ರೊಜೆಕ್ಟರ್ ಗಟ್ಟಿಯಾಗಿಯೇ ಇತ್ತು, ಅದಕ್ಕೆ ಹಾಕಲು ಹೊಸ ಚಿತ್ರದ ಸುರುಳಿಯೇ ಸಿಗಲಿಲ್ಲ. ಡಿಜಿಟಲ್ ಯಂತ್ರಕ್ಕೆ ಲಕ್ಷಗಟ್ಟಲೆ ರೂಪಾಯಿ ಬೇಕು. ಜಾತ್ರೆಗಳು ನಡೆಯುವುದು ವರ್ಷದಲ್ಲಿ ಕೆಲವೇ ತಿಂಗಳು. ಮಳೆಗಾಲದಲ್ಲಿ ತಂಬು ಮಡಚಿಡಲೇಬೇಕು. ಇಂಥ ಗಳಿಕೆಯಲ್ಲಿ ಮಾಲೀಕರು ಸಾಲ ತೀರಿಸುವುದು ಹೇಗೆ? ಮಹಾರಾಷ್ಟ್ರದ ಈ ತಂಬುಗಳನ್ನು ಕುರಿತ ‘ದಿ ಸಿನೆಮಾ ಟ್ರಾವೆಲರ್ಸ್’ ಎಂಬ ಸಾಕ್ಷ್ಯಚಿತ್ರಕ್ಕೆ 2016ರಲ್ಲಿ ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ಮನ್ನಣೆ ದೊರೆಯಿತು. ಸಂತೋಷವೇ. ಆದರೆ ಚಪ್ಪಾಳೆಯಿಂದ ಯಂತ್ರ ಕೊಳ್ಳಲಾಗದು.

“ಕೈಯಲ್ಲೇ ಸಿನೆಮಾ ಇರುವಾಗ ತಂಬು ಏಕೆ?” ಎಂದು ನೀವು ಕೇಳಬಹುದು. ಧೂಳಿನಲ್ಲಿಯೇ ಕುಳಿತು ನೋಡಿರೆಂದು ನಾನೂ ಹೇಳುವುದಿಲ್ಲ. ಆದರೆ ಮೊಬೈಲಿನಲ್ಲಿ ಒಬ್ಬರೇ ನೋಡುತ್ತೇವೆ, ಒಬ್ಬರೇ ನಗುತ್ತೇವೆ. ತಂಬುವಿನಲ್ಲಿ ಇಡೀ ಊರೇ ಒಟ್ಟಿಗೆ ನಗುತ್ತದೆ. ನಮ್ಮ ಗಡಿಭಾಗದಲ್ಲಿ ಕನ್ನಡ ಮಾತನಾಡುವವರೂ ಮರಾಠಿ ಮಾತನಾಡುವವರೂ ಒಂದೇ ಪರದೆಯ ಮುಂದೆ ಕೂಡುತ್ತಾರೆ. ತಿಳಿಯದ ಮಾತನ್ನು ಪಕ್ಕದವರು ತಿಳಿಸಿ ಹೇಳುತ್ತಾರೆ. ಇಂಥ ಜಾಗ ಇರಬೇಕು ಎಂಬುದು ನನ್ನ ಅಭಿಪ್ರಾಯ.

ದಾರಿ ಇಲ್ಲವೆಂದಲ್ಲ. ನಮ್ಮ ಜಿಲ್ಲೆಯಲ್ಲಿ ಹಾಲಿಗೆ, ಸಕ್ಕರೆಗೆ ಸಹಕಾರಿ ಸಂಘಗಳಿವೆ. ಹಾಗೆಯೇ ನಾಲ್ಕಾರು ತಂಬುವಿನವರು ಕೂಡಿ ಒಂದು ಡಿಜಿಟಲ್ ಯಂತ್ರ ಕೊಳ್ಳಬಾರದೇ? ಜಾತ್ರೆಯವರು ಜಾಗದ ಬಾಡಿಗೆ ಇಳಿಸಬಹುದು. ಮಕ್ಕಳ ಚಿತ್ರ ತೋರಿಸಲು ಶಾಲೆಗಳು ಅವರನ್ನು ಕರೆಸಬಹುದು. ಇನ್ನು ಓಡದ ಹಳೆಯ ಪ್ರೊಜೆಕ್ಟರನ್ನು ಗುಜರಿಗೆ ಹಾಕುವ ಬದಲು ಶಾಲೆಗೆ ಕೊಟ್ಟರೆ, ಅದರ ಹಲ್ಲುಚಕ್ರ, ಮಸೂರಗಳನ್ನು ನೀವು ಮುಟ್ಟಿ ನೋಡಬಹುದು.