ನೋಟರಿಗೆ ನಮ್ಮ ಮಾತು ತಿಳಿಯಬೇಡವೇ?

ಗಡಿಯಾಚೆಯ ಕನ್ನಡ ಬಾಂಧವರೇ,

ಮುಖತ್ಯಾರಪತ್ರವಾಗಲಿ ಅಫಿಡವಿಟ್ಟಾಗಲಿ, ನೋಟರಿಯ ಮುದ್ರೆ ಬಿದ್ದ ಕಾಗದಕ್ಕೆ ಕಚೇರಿಯಲ್ಲಿ ಬೆಲೆಯುಂಟು. ಅರ್ಥವಾಗದ ಭಾಷೆಯ ಅಂತಹ ಕಾಗದಕ್ಕೆ ಹೆಬ್ಬೆಟ್ಟೊತ್ತುವುದೆಂದರೆ ಮನೆಯ ಬೀಗದ ಕೈಯನ್ನು ಅಪರಿಚಿತನಿಗೆ ಒಪ್ಪಿಸಿದಂತೆ.

1952ರ ನೋಟರಿ ಕಾಯಿದೆಯ 8ನೆಯ ಕಲಮು, ಪತ್ರಗಳನ್ನು ಒಂದು ಭಾಷೆಯಿಂದ ಇನ್ನೊಂದಕ್ಕೆ ಅನುವಾದಿಸುವ ಕಾರ್ಯವನ್ನೂ ನೋಟರಿಗೆ ವಹಿಸಿದೆ. ಆದರೆ 1956ರ ನಿಯಮಗಳು ನೋಟರಿಯಾಗಬಯಸುವ ವಕೀಲನಿಂದ ಕೇಳುವುದು 10 ವರ್ಷಗಳ ವೃತ್ತಿಯನ್ನು. ಮಹಿಳೆಯರಿಗೂ ಪರಿಶಿಷ್ಟ ಹಾಗೂ ಹಿಂದುಳಿದ ವರ್ಗದವರಿಗೂ 7 ವರ್ಷ. ಊರಿನ ಜನರ ಭಾಷೆ ಬಲ್ಲನೇ ಎಂಬ ಮಾತು ಅರ್ಹತೆಯ ನಿಯಮದಲ್ಲಿಲ್ಲ! ಇದು ನ್ಯಾಯವೇ?

ದುಭಾಷಿ ಸಿಗುತ್ತಾನಲ್ಲ ಎನ್ನುವವರಿದ್ದಾರೆ. ದುಭಾಷಿ ತಪ್ಪಿದರೆ, ಮುದ್ರೆಯೊತ್ತಿದವನಿಗೆ ಆ ತಪ್ಪು ತಿಳಿಯುವುದಾದರೂ ಹೇಗೆ?

ಕಾಸರಗೋಡು, ತಾಳವಾಡಿ, ಜತ್ತ, ಅಕ್ಕಲಕೋಟೆಗಳ ಕನ್ನಡ ಹಳ್ಳಿಗಳಿಗೆ ಕನ್ನಡ ಬಲ್ಲ ನೋಟರಿಗಳನ್ನು ನೇಮಿಸಬೇಕೆಂದು ನಾವು ಒತ್ತಾಯಿಸುತ್ತೇವೆ. ಸಂವಿಧಾನದ 350ನೆಯ ವಿಧಿಯ ಬಲದಿಂದ ಈ ಮನವಿಯನ್ನು ಕನ್ನಡದಲ್ಲಿಯೇ ಸಲ್ಲಿಸೋಣ. ಅವಧಿ ತುಂಬಿದ ನಮ್ಮ ವಕೀಲರು ಹಿಂಜರಿಯದೆ ಅರ್ಜಿ ಹಾಕಲಿ. ಅಲ್ಲಿಯವರೆಗೆ, ಕನ್ನಡದಲ್ಲಿ ಓದಿ ಹೇಳದ ಯಾವ ಕಾಗದಕ್ಕೂ ನಾವು ಹೆಬ್ಬೆಟ್ಟೊತ್ತುವುದು ಬೇಡ.